ವರ್ಲೀನ್ ಕೇಳಿದ ಹಾಡು

೧೪ ಜೂನ್ ೧೯೭೫, ಶನಿವಾರ. ಮೇಕನ್.

ನಮ್ಮ ಬ್ಯಾಂಡಿನ ಹಾಡುಗಾರ ಡ್ಯೂಯಿಯನ್ನು ನೆನೆದರೆ ಈಗಲೂ ಮೈ ಜುಮ್ಮೆನ್ನುತ್ತದೆ. ತನ್ನ ತಮ್ಮ ಲಾಯಲ್ ಗುಂಡೇಟಿಗೆ ಸತ್ತ ಮೇಲೆ ಅವನು ಕಟ್ಟಿದ ಹಾಡನ್ನು ಇವತ್ತು ಸಂಜೆ ಬಾರಿನಲ್ಲಿ ಮೊದಲ ಸಲ ನುಡಿಸಿದೆವು. ಎರಡನೇ ಚರಣಕ್ಕೆ ಬಾಗಿಲಲ್ಲಿ ವರ್ಲೀನ್ ಕಾಣಿಸಿಕೊಂಡಳು. ಲಾಯಲ್‌ನನ್ನು ಕೊಂದು ಜೈಲಿನಲ್ಲಿರುವ ಹುಡುಗನ ತಾಯಿ. ಡ್ರಮ್ ಬಾರಿಸುತ್ತಿದ್ದ ನಾನು ಒಂದು ತಾಳ ತಪ್ಪಿದೆ. ಡ್ಯೂಯಿ ಮಾತ್ರ ಗಿಟಾರ್ ಬಿಡಲಿಲ್ಲ. ಅವಳನ್ನೇ ನೋಡುತ್ತ, ಒಂದು ಪದವನ್ನೂ ಬದಲಿಸದೆ ಹಾಡಿ ಮುಗಿಸಿದ.

ಯಾರೂ ಚಪ್ಪಾಳೆ ತಟ್ಟಲಿಲ್ಲ. ಅವಳು ನೇರವಾಗಿ ವೇದಿಕೆಯ ಹತ್ತಿರ ಬಂದಳು.

"ಹಾಡಲ್ಲಿ ಬರೀ ಪಿಸ್ತೂಲನ್ನೇ ಬೈದಿದ್ದೀಯಲ್ಲೋ. ನನ್ನ ಮಗನ್ನ ಯಾಕಪ್ಪಾ ಬಿಟ್ಟೆ?"

"ಅವತ್ತು ಬೆಳಿಗ್ಗೆ ಲಾಯಲ್ಲೂ ನಿಮ್ಮ ಮಗನೂ ಒಟ್ಟಿಗೇ ಮೀನು ಹಿಡಿಯೋಕೆ ಹೋಗಿದ್ರಮ್ಮಾ. ಸಂಜೆ ಕುಡಿದು ಜಗಳ ಆಡ್ದಾಗ ಜೇಬಲ್ಲಿ ಆ ಪಿಸ್ತೂಲೊಂದು ಇಲ್ದೇ ಇದ್ದಿದ್ರೆ, ಮೂಗು ಒಡ್ಕೊಂಡು ಇಬ್ರೂ ಮನೆಗೆ ಬರ್ತಿದ್ರು."

ಅವಳು ವೇದಿಕೆಯ ಮುಂದೆ ಕುರ್ಚಿಯೊಂದನ್ನು ಎಳೆದುಕೊಂಡು ಕೂತಳು. ಆಮೇಲೆ, "ಇನ್ನೊಂದ್ಸಲ ಹಾಡು," ಎಂದಳು.

ಡ್ಯೂಯಿ ಹಾಡಿದ. ಪಲ್ಲವಿಗೆ ಅವಳೂ ದನಿಗೂಡಿಸಿದಳು, ಚರ್ಚಿನಲ್ಲಿ ಹಾಡುವಾಗಿನ ಹಾಗೆ ಕಣ್ಣು ಮುಚ್ಚಿ. ನಾನು ಕೋಲುಗಳನ್ನು ಕೆಳಗಿಟ್ಟುಬಿಟ್ಟೆ. ಆ ಎರಡು ದನಿಗಳ ಮೇಲೆ ಡ್ರಮ್ ಬಾರಿಸುವುದು ನನ್ನಿಂದಾಗಲಿಲ್ಲ.