ಗಾಜಿನ ಪೆಟ್ಟಿಗೆಯಲ್ಲಿರುವುದು ನನ್ನ ಅಮ್ಮ

ನಮ್ಮ ದ್ವೀಪದ ವಸ್ತುಸಂಗ್ರಹಾಲಯದ ಮುಖ್ಯಾಧಿಕಾರಿಗಳಿಗೆ,

ಮಾನ್ಯರೇ,

ಈ ಪತ್ರದ ಮೊದಲ ಕರಡಿನಲ್ಲಿ ಒಂದು ಮಾತನ್ನು ಬಿಟ್ಟಿದ್ದೆ. ಹೂಳಿದವರನ್ನು ಕೆಲವು ವರ್ಷಗಳ ಮೇಲೆ ಹೊರತೆಗೆದು, ಮೂಳೆಗಳನ್ನು ದ್ರಾಕ್ಷಾರಸದಲ್ಲಿ ತೊಳೆದು, ಪೆಟ್ಟಿಗೆಯಲ್ಲಿಡುವುದು ನಮ್ಮೂರ ಪದ್ಧತಿ ಎಂಬ ಮಾತು. ಓದಿ ಹೇಳಿದಾಗ ಚಿಕ್ಕಮ್ಮ ಜಂಬೇತ ಕೇಳಿದಳು: "ತೊಳೆದದ್ದು ಬರೀಲೇ ಇಲ್ವಲ್ಲೇ? ನಾಚಿಕೆನಾ?"

ನಾಚಿಕೆಯೇ. ಸ್ಮಿರ್ನಾ ಪಟ್ಟಣದ ಇಂಗ್ಲಿಷ್ ಶಾಲೆಯಲ್ಲಿ ಕಲಿತವಳು ನಾನು. ಈ ಪತ್ರದ ಪ್ರತಿಯೊಂದು ಪತ್ರಿಕೆಗೂ ಹೋಗುತ್ತದೆ; ಅಲ್ಲಿ ಅಚ್ಚಾದರೆ ಪರದೇಶದವರು ಏನೆಂದುಕೊಳ್ಳುವರೋ ಎಂದು ಅಳುಕಿದೆ. ಆದರೆ ಆ ಮಾತಿಲ್ಲದೆ ನನ್ನ ದೂರಿಗೆ ಬುಡವೇ ಇಲ್ಲ. ದೂರು ಇಷ್ಟೇ: ನಿಮ್ಮ ಗಾಜಿನ ಪೆಟ್ಟಿಗೆಯಲ್ಲಿ 'ಪ್ರಾಚೀನ ಸ್ತ್ರೀ, ಎರಡು ಸಾವಿರ ವರ್ಷ' ಎಂಬ ಚೀಟಿಯ ಹಿಂದಿರುವ ತಲೆಬುರುಡೆ ನನ್ನ ಅಮ್ಮ ಅನ್ನೆಜೊಳದು. ಆಕೆ ತೀರಿಕೊಂಡು ಹದಿನೆಂಟು ವರ್ಷವಾಯಿತು.

ಭೂಕಂಪದಲ್ಲಿ ಚರ್ಚಿನ ಮೂಳೆಮನೆ ಕುಸಿದಾಗ ಪಾದ್ರಿಗಳು ಪೆಟ್ಟಿಗೆಗಳನ್ನು ಗುಡ್ಡದ ಬಂಡೆಗವಿಗೆ ಸಾಗಿಸಿದರು. ಅದು ಪ್ರಾಚೀನರ ಸಮಾಧಿ, ನಿಜ. ಗಟ್ಟಿ ಸೂರು, ಒಣ ನೆಲ. ಸತ್ತವರೇ ಸತ್ತವರಿಗೆ ಜಾಗ ಕೊಟ್ಟರು ಎಂದುಕೊಂಡೆವು. ಕಳೆದ ಬೇಸಿಗೆಯಲ್ಲಿ ನಿಮ್ಮ ಅಗೆತದವರು ಬಂದರು. ಹುಳು ತಿಂದ ಪೆಟ್ಟಿಗೆಗಳು ಅವರಿಗೆ ಕಸ, ಒಳಗಿದ್ದದ್ದು ಇತಿಹಾಸ. ಮೂಳೆಯ ಮೇಲಿನ ಕೆಂಪು, ಪ್ರಾಚೀನರು ಬಳಿಯುತ್ತಿದ್ದ ಕಾವಿ ಎನ್ನುತ್ತದೆ ನಿಮ್ಮ ವರದಿ. ಮಾನ್ಯರೇ, ಅದು ನಮ್ಮ ಹಿತ್ತಲ ದ್ರಾಕ್ಷಿ. ಊರಿನವರನ್ನು ಒಂದು ಮಾತು ಕೇಳಬಹುದಿತ್ತಲ್ಲವೇ? ನಿಮ್ಮವರು ವಿಚಾರಿಸುವಷ್ಟು ಹಳಬರು ನಾವಿನ್ನೂ ಆಗಿರಲಿಲ್ಲವೇನೋ.

ಗವಿ ಬರಿದಾದದ್ದು ಕಂಡು ನಿಮ್ಮಲ್ಲಿಗೆ ನೋಡಲು ಬಂದಾಗ ಗುರುತು ಹಿಡಿದವಳು ಚಿಕ್ಕಮ್ಮ. ಎಡಹುಬ್ಬಿನ ಮೇಲೆ, ಎಣ್ಣೆಗಾಣದ ತೊಲೆ ಬಡಿದ ಕುಳಿ. ಕೈಯಾರೆ ತೊಳೆದವಳಿಗೆ ತಿಳಿಯದೇ? ದೊಡ್ಡ ಉಪವಾಸಕ್ಕೆ ಮೊದಲು ಬರುವ ಆತ್ಮಗಳ ಶನಿವಾರ, ಸತ್ತವರಿಗೆಂದು ಬೇಯಿಸಿದ ಗೋಧಿಗೆ ದಾಳಿಂಬೆ ಉದುರಿಸಿ, ತಟ್ಟೆ ಹಿಡಿದು ನಿಮ್ಮಲ್ಲಿಗೇ ಬಂದಳು.

"ಅಜ್ಜಿ, ತಿನ್ನೋದನ್ನ ಒಳಗೆ ತರಬಾರದು" ಎಂದ ಕಾವಲುಗಾರ.

"ನನಗಲ್ಲ ಕಣೋ, ನಮ್ಮಕ್ಕನಿಗೆ."

"ಎರಡು ಸಾವಿರ ವರ್ಷದಿಂದ ಉಪವಾಸ ಇದಾಳೆ. ಇವತ್ತೊಂದಿನ ಬಿಟ್ರೆ ಏನಾಗುತ್ತೆ?"

"ಅವಳು ನನಗಿಂತ ಮೂರೇ ವರ್ಷಕ್ಕೆ ದೊಡ್ಡೋಳು! ಹಾಗಾದ್ರೆ ನನಗೆಷ್ಟು ವಯಸ್ಸಾಯ್ತೋ? ನನ್ನನ್ನೂ ಒಂದು ಪೆಟ್ಟಿಗೇಲಿ ಕೂರಿಸ್ತೀಯಾ?"

ಪಕ್ಕದಲ್ಲಿದ್ದ ಇಂಗ್ಲಿಷ್ ಮಹಿಳೆಯೊಬ್ಬರು, ಮುದುಕಿ ಏನನ್ನುತ್ತಿದ್ದಾಳೆ ಎಂದು ನನ್ನನ್ನು ಕೇಳಿದರು. "ಪ್ರಾರ್ಥನೆ ಮಾಡುತ್ತಿದ್ದಾಳೆ" ಎಂದೆ. ಅಮ್ಮ ಗಾಜಿನಾಚೆ, ಕೈಗೆಟುಕುವಷ್ಟು ಹತ್ತಿರ. ಇವಳು ನನ್ನ ಅಮ್ಮ ಎನ್ನಲು ನಾಲಿಗೆ ಏಳಲಿಲ್ಲ. ನಿಮ್ಮ ಚೀಟಿಯದು ಅರಿಯದ ಸುಳ್ಳು. ನನ್ನದು?

ಮನವಿ ಕೊಟ್ಟೆ. 'ಸದರಿ ವಸ್ತು ರಾಷ್ಟ್ರದ ಹೆಮ್ಮೆ' ಎಂದು ಉತ್ತರಿಸಿದಿರಿ. ಬದುಕಿದ್ದಾಗ ಅಮ್ಮನ ಬಗ್ಗೆ ಯಾರೂ ಅಷ್ಟು ದೊಡ್ಡ ಮಾತಾಡಿರಲಿಲ್ಲ.

ಮಾನ್ಯರೇ, ನಿಮ್ಮ ಪ್ರಾಚೀನರನ್ನು ನೀವು ಇಟ್ಟುಕೊಳ್ಳಿ. ಮೇ ತಿಂಗಳಲ್ಲಿ, ಪೆಂತಕೋಸ್ತ ಹಬ್ಬದ ಹಿಂದಿನ ದಿನ, ಮತ್ತೆ ಆತ್ಮಗಳ ಶನಿವಾರ. ಅಷ್ಟರೊಳಗೆ ಅಮ್ಮನನ್ನು ಕೊಡಿ. ಚಿಕ್ಕಮ್ಮನ ಕಣ್ಣು ಮಂಜಾಗುತ್ತಿದೆ. ಆ ಕುಳಿಯನ್ನು ಬೆರಳಿನಿಂದ ಮುಟ್ಟಿ 'ಇವಳೇ' ಎನ್ನಬಲ್ಲವಳು ಅವಳೊಬ್ಬಳೇ. ಅವಳೂ ಹೋದರೆ ನಿಮ್ಮ ಚೀಟಿಯೇ ನಿಜವಾಗಿಬಿಡುತ್ತದೆ. ನಾವಿಬ್ಬರೂ ಬರುತ್ತೇವೆ, ಗೋಧಿಯ ತಟ್ಟೆಯೊಡನೆ. ಈ ಸಲ ಯಾರಾದರೂ ಕೇಳಿದರೆ ಇಂಗ್ಲಿಷಿನಲ್ಲೇ ಹೇಳುತ್ತೇನೆ: ಇವಳು ನನ್ನ ಅಮ್ಮ, ಇವಳನ್ನು ನಾವು ದ್ರಾಕ್ಷಾರಸದಲ್ಲಿ ತೊಳೆದೆವು.

ಇಂತಿ,
ನಿಮ್ಮ ಪ್ರಾಚೀನ ಸ್ತ್ರೀಯ ನಲವತ್ತಾರು ವರ್ಷದ ಮಗಳು
ಮೊಸ್ಕೂಲಾ

ಅಂಚೆಗೆ ಹಾಕುವ ದಿನ: ೧೮೯೩, ಏಪ್ರಿಲ್ ೧೦