ಬಿಳಿ ಹಾಳಿಯ ಹಿಂದ

ಅವ್ವಾ,

ನಾಳೆಗೆ ನೀ ಹೋಗಿ ವರ್ಷ ಆಗತೈತಿ. ಹಾರ ಹಾಕಾಕ ನಿನ್ನದೊಂದು ಛಲೋ ಫೋಟೋ ಬೇಕಂತ ತಮ್ಮ ಯಶವಂತ ಮುಂಜಾನೆ ಫೋನ್ ಮಾಡಿದ್ದ. "ಊರ ಮಂದೀದೆಲ್ಲಾ ಫೋಟೋ ತಗದಾಕಿ ನೀನು. ಅವ್ವಂದು ಒಂದೂ ಇಲ್ಲೇನಕ್ಕಾ?" ಅಂದ. ಸಿಟ್ಟು ಬಂತು, ಫೋನ್ ಇಟ್ಟುಬಿಟ್ಟೆ.

ಹಳೇ ಟೇಪ್ ಹುಡುಕಾಕ ಕುಂತೆ. ನಾಚಾರಂ ಕಾರ್ಖಾನಿ ಹೆಣ್ಣಮಕ್ಕಳ ಮ್ಯಾಲೆ ಡಾಕ್ಯುಮೆಂಟರಿ ಮಾಡಿದ್ನಲ್ಲಾ, ಅವರು ಮಾತಾಡಾಕ ನಮ್ಮನಿಗೇ ಬರತಿದ್ರು. ಅವರು ಬರೂದ್ರೊಳಗ ಕ್ಯಾಮರಾದಾಗ ಬಣ್ಣ ಸರಿ ಮಾಡ್ಕೊಳ್ಳಾಕ ನಿನ್ನ ಕುರ್ಚಿ ಮ್ಯಾಲೆ ಕುಂದರಿಸಿ, ಮಾರಿ ಮುಂದ ಬಿಳಿ ಹಾಳಿ ಹಿಡಿಸತಿದ್ದೆ. ಹದಿನೇಳು ಟೇಪಿನಾಗ ನೀ ಸಿಕ್ಕಿ. ಹದಿನೇಳರಾಗೂ ಕಾಣೂದು ಹಾಳಿ, ಹಸಿರು ಬಳಿ, ಹಿಟ್ಟು ಹತ್ತಿದ ಬೆರಳು, ಇಷ್ಟ.

ಕಡೀ ಟೇಪಿನಾಗ ಹಾಳಿ ಹಿಂದಿಂದ ನೀ ಕೇಳತಿ: "ಹೊಸಾ ಸೀರಿ ಉಟ್ಟೀನಿ ಹರ್ಷದಾ, ಹಾಳಿ ಇಳಸಲೇನು?"

"ಬ್ಯಾಡವ್ವಾ, ಏಳು, ಅವರು ಬಂದ್ರು" ಅಂತ ನನ್ನ ದನಿ. ಆಮ್ಯಾಲೆ ಕ್ಯಾಮರಾ ಬಂದ್.

ಆ ಡಾಕ್ಯುಮೆಂಟರಿಗೆ ಪ್ರಶಸ್ತಿ ಬಂದಾಗ, ಯಾರೂ ನೋಡದವರ ಮಾರಿ ತೋರಸೂದ ನನ್ನ ಕೆಲಸ ಅಂತ ವೇದಿಕಿ ಮ್ಯಾಲೆ ಹೇಳಿದ್ದೆ. ನೀ ಮುಂದಿನ ಸಾಲಿನಾಗ ಕುಂತು ಚಪ್ಪಾಳಿ ಹೊಡದಿದ್ದಿ.

ಕಡೀಕ ಯಶವಂತಗ ನಿನ್ನ ಆಧಾರ್ ಕಾರ್ಡಿನ ಫೋಟೋನ ದೊಡ್ಡದು ಮಾಡಿಸಿ ಕಳಿಸಿದೆ. ಅದನ್ನ ತಗಸಾಕ ಹಿಮಾಯತ್‌ನಗರದ ಸೆಂಟರಿಗೆ ನಾನ ಕರಕೊಂಡು ಹೋಗಿದ್ದೆ. ಅಲ್ಲಿ ಕುಂತಾಂವ "ಅಮ್ಮಾ, ಇಟು ಚೂಡಂಡಿ" ಅಂದ, ಈ ಕಡೆ ನೋಡ್ರಿ ಅಂತ ತೆಲುಗಿನಾಗ. ನೀ ಸೆರಗು ಸರಿ ಮಾಡ್ಕೊಂಡು ಅವನ ಕಡೆ ನೋಡಿ ನಕ್ಕಿರಬೇಕು.

ಆ ನಗಿ ನಾ ಇವತ್ತ ಫೋಟೋದಾಗ ನೋಡಿದೆ. ಅವತ್ತ ನಾ ಬಾಗಲದಾಗ ಫೋನ್ ನೋಡ್ಕೊಂತ ನಿಂತಿದ್ದೆ.