ಬಾಗಿಲು ತೆರೆಯದ ಸುಡಲೈಮುತ್ತು

ವಡಕರೈ, ಸನ್ನಿಧಿ ಬೀದಿ
ಆಡಿ ತಿಂಗಳ ಹನ್ನೆರಡು, ಭಾನುವಾರ

ಕಣ್ಣಿನಂಥ ಮಗ ಸಭಾಪತಿಗೆ ಅಮ್ಮನ ಆಶೀರ್ವಾದ.

ನಿನ್ನ ಎದೆಯುರಿ ಕಡಿಮೆಯಾಯಿತೇ? ಬರೀ ಹೊಟ್ಟೆಯಲ್ಲಿ ಕಾಫಿ ಕೊಡಬೇಡ ಎಂದು ವಡಿವುಗೆ ಹೇಳಿದರೆ, ‘ನಿಮ್ಮ ಮಗ ನನ್ನ ಮಾತು ಎಲ್ಲಿ ಕೇಳ್ತಾರೆ ಅತ್ತೆ’ ಅನ್ನುತ್ತಾಳೆ. ಅವಳಾದರೂ ಏನು ಮಾಡಿಯಾಳು ಪಾಪ. ನನ್ನ ಮೊಣಕಾಲು ಇದ್ದ ಹಾಗೇ ಇದೆ. ಈ ವಿಷಯ ಫೋನಿನಲ್ಲೇ ಹೇಳಬಹುದಿತ್ತು, ಆದರೆ ನೀನು ‘ಮೀಟಿಂಗ್‌ನಲ್ಲಿದ್ದೀನಮ್ಮಾ’ ಎಂದು ಇಟ್ಟುಬಿಡುತ್ತೀಯ.

ನಿನ್ನೆ ಬೆಳಿಗ್ಗೆ ಒಬ್ಬ ಹೆಂಗಸು ಬಸ್ಸಿಳಿದು ಬಂದು ನಮ್ಮ ಜಗಲಿಯ ತುದಿಯಲ್ಲಿ ಕೂತಳು. ಹೆಸರು ಕಾಂತಿಮತಿ, ನೀನು ಆಫೀಸರಾಗಿರುವ ದೇವಸ್ಥಾನದ ಬಾಗಿಲು ಕಾಯುವ ಸುಡಲೈಮುತ್ತುವಿನ ಹೆಂಡತಿ. ‘ನಿಮ್ಮ ಮಗ ನಮ್ಮ ಯಜಮಾನ್ರನ್ನ ಸಸ್ಪೆಂಡ್ ಮಾಡವ್ರೆ ಅಮ್ಮಾ’ ಅಂದಾಗ, ಕದ್ದನೋ ಕುಡಿದನೋ ಇರಬೇಕು ಅಂದುಕೊಂಡೆ. ಹೆತ್ತವರಿಗೆ ಹೆಗ್ಗಣ ಮುದ್ದು ನೋಡು, ತಪ್ಪು ನಿನ್ನದಿರಬಹುದೆಂದು ಹೊಳೆಯಲೇ ಇಲ್ಲ. ಎರಡು ಇಡ್ಲಿ ಕೊಟ್ಟು ಬುದ್ಧಿ ಹೇಳಿ ಕಳಿಸೋಣ ಎಂದು ಒಳಗೆ ಕರೆದೆ. ಅವಳು ಹೇಳಿದ್ದು ಇದು.

ಹೂ ಕಟ್ಟುವ ಪೇಚ್ಚಿಯಮ್ಮಾಳ್ ದೇವಸ್ಥಾನದ ಬೀದಿಯಲ್ಲೇ ಇದ್ದ ತನ್ನ ಮನೆಯಲ್ಲಿ ತೀರಿಕೊಂಡಳಂತೆ. ಮಗಳು ಸೇಲಂನಿಂದ ಬರುವವರೆಗೆ ಹೆಣ ಇಟ್ಟಿದ್ದರಂತೆ. ಬೀದಿಯಲ್ಲಿ ಹೆಣವಿರುವಾಗ ಗುಡಿಯ ಬಾಗಿಲು ತೆರೆಯುವುದುಂಟೇ, ನೈವೇದ್ಯವುಂಟೇ? ಅಷ್ಟರಲ್ಲಿ ಯಾರೋ ದೊಡ್ಡ ಅಧಿಕಾರಿಯ ಸಂಸಾರ ಕಾರಿನಲ್ಲಿ ಬಂತು, ನೀನು ಬೀಗ ತೆಗಿ ಅಂದೆ. ಅವನು ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿಕೊಂಡು, ‘ಹೆಣ ಎತ್ಲಿ ಸಾರ್, ಸ್ವಾಮಿನೇ ಕಾಯ್ತಾ ಕೂತವ್ನೆ, ಅವ್ರೂ ಒಂದ್ ಗಳಿಗೆ ಕಾಯ್ಲಿ’ ಅಂದನಂತೆ. ನನಗೆ ನಗುವೇ ಬಂತು. ಅದಕ್ಕೆ ನೀನು, ‘ಹೂ ಮಾರೋಳಿಗೋಸ್ಕರ ದೇವಸ್ಥಾನ ಮುಚ್ಚೋಕಾಗುತ್ತೇನಯ್ಯಾ’ ಅಂದೆಯಂತೆ. ಆಮೇಲೆ ನಗು ಬರಲಿಲ್ಲ. ಆ ಮಾತು ನಿನ್ನ ಬಾಯಿಂದ ಬಂತೆಂದು ನನಗೆ ಇನ್ನೂ ನಂಬಲಾಗುತ್ತಿಲ್ಲ ಮಗನೇ.

ಅವನು ಬೀಗ ತೆಗೆಯಲಿಲ್ಲ, ನೀನು ಸಸ್ಪೆಂಡ್ ಮಾಡಿದೆ, ಅವನು ಕೋರ್ಟಿಗೆ ಹೋದ. ಸಸ್ಪೆಂಡ್ ಮಾಡುವ ಅಧಿಕಾರ ಧರ್ಮದರ್ಶಿಗಳಿಗೆ ಉಂಟೇ ಹೊರತು ಆಫೀಸರಿಗಿಲ್ಲ ಎಂದು ಜಡ್ಜು ನಿನ್ನ ಆರ್ಡರನ್ನು ರದ್ದು ಮಾಡಿದರು. ಅಲ್ಲಿಗೆ ಮುಗಿಯಿತಲ್ಲ ಎಂದು ನಾನಂದೆ. ‘ಎಲ್ಲಿ ಮುಗೀತಮ್ಮಾ? ಇವ್ರು ಕೋರ್ಟಿಂದ ಬಂದು ಬಾಗ್ಲಿಗೆ ಕೈ ಮುಗಿಯೋ ಹೊತ್ಗೆ, ಸಾಹೇಬ್ರು ಧರ್ಮದರ್ಶಿಗಳನ್ನ ಕೂರಿಸ್ಕೊಂಡು ಅವ್ರ ಕೈಲೇ ಇನ್ನೊಂದ್ ಆರ್ಡರ್ ಮಾಡ್ಸಿದ್ರು’ ಅಂದಳು. ಒಂದು ಸಲ ಸಿಟ್ಟಿನಲ್ಲಿ ಮಾಡಿದೆ ಅನ್ನಬಹುದು. ಎರಡನೆಯದನ್ನು ಕೂತು ಯೋಚಿಸಿ ಮಾಡಿದ್ದೀಯ. ಬುಧವಾರ ವಿಚಾರಣೆಯಂತೆ, ಅದರಲ್ಲಿ ತಪ್ಪಿತಸ್ಥ ಅಂದರೆ ಕೆಲಸವೇ ಹೋಗುತ್ತದಂತೆ. ಅವರ ಅಜ್ಜನ ಕಾಲದಿಂದ ಆ ಬಾಗಿಲೇ ಅವರಿಗೆ ಅನ್ನ.

ವಡಿವುಗೆ ನನ್ನ ಅಕ್ಕರೆ ತಿಳಿಸು. ಮಧ್ಯಾಹ್ನ ನೀರು ಮಜ್ಜಿಗೆ ಕುಡಿ. ಸ್ವಾಮಿ ನಿನಗೆ ಆಯುಸ್ಸನ್ನೂ ಒಳ್ಳೆ ಬುದ್ಧಿಯನ್ನೂ ಕೊಡಲಿ.

ನಿನ್ನ ಹೆತ್ತ
ಶಿವಕಾಮಿ

ಮರೆತಿದ್ದೆ: ರಾತ್ರಿ ಇಲ್ಲೇ ಉಳಿದ ಕಾಂತಿಮತಿ ಈಗ ಚೀಲ ಹಿಡಿದು ನಿಂತಿದ್ದಾಳೆ, ಕಾಗದ ಅವಳ ಕೈಯಲ್ಲೇ ಬರುತ್ತದೆ. ನಿನಗೆ ಯಾರೂ ಹೇಳದ ಒಂದು ಮಾತಿದೆ. ನಿನ್ನಪ್ಪ ತೀರಿಕೊಂಡಾಗ ನೀನು ಚೆನ್ನೈಯಲ್ಲಿ ಈ ಕೆಲಸದ್ದೇ ಪರೀಕ್ಷೆ ಬರೆಯುತ್ತಿದ್ದೆ. ಅದು ಮುಗಿಯಲಿ ಎಂದು ನಿನಗೆ ತಿಳಿಸಲಿಲ್ಲ. ಮರುದಿನ ಸಂಜೆ ನೀನು ಬಂದು ಅಪ್ಪನ ಮುಖ ನೋಡಿ ಹೆಣ ಎತ್ತುವವರೆಗೆ ನಮ್ಮ ಬೀದಿಯ ಗುಡಿಯ ಬಾಗಿಲು ತೆರೆಯಲಿಲ್ಲ, ಸ್ವಾಮಿಗೆ ಒಂದಗುಳು ಅನ್ನವಿಲ್ಲ. ಆಗಿನ ಆಫೀಸರು ಬಂದ ಯಾತ್ರಿಕರನ್ನೆಲ್ಲ ವಾಪಸು ಕಳಿಸಿ, ನಮ್ಮ ಜಗಲಿಯಲ್ಲೇ ಕೂತಿದ್ದರು. ಬುಧವಾರ ನಾನೂ ಬರುತ್ತೇನೆ. ನಿನ್ನ ಮನೆಗಲ್ಲ, ವಿಚಾರಣೆಗೆ, ಸುಡಲೈಮುತ್ತುವಿನ ಕಡೆಯ ಸಾಕ್ಷಿಯಾಗಿ. ಹೆಸರು ಬರೆದುಕೊಳ್ಳುವ ಗುಮಾಸ್ತ ‘ಆಫೀಸರಿಗೆ ನೀವು ಏನಾಗ್ಬೇಕು’ ಎಂದು ಕೇಳಿದರೆ ಏನು ಹೇಳಲಿ, ಅದೊಂದನ್ನು ಮಾತ್ರ ನೀನೇ ಯೋಚಿಸಿಡು.